ಅಲಂಕಾರವತಿಯರೂ ಅವರನ್ನು ಚಿತ್ರಿಸಿದವರೂ

ಉಡುಗೆ ತೊಡುಗೆಯ ವಿಷಯವು ಸಾಹಿತ್ಯದ ಪುಟಕ್ಕೆ ತಕ್ಕುದಲ್ಲವೆಂದು ಕೆಲವು ವಾಚಕರಿಗೆ ತೋರಬಹುದು. ಸೀರೆಯ ಅಂಚು, ಜಡೆಯ ಕಟ್ಟು, ಮುಖದ ಬಣ್ಣ ಇವೆಲ್ಲ ಅಂಗಡಿಯ ಮಾತುಗಳೇ ಹೊರತು ವಿಮರ್ಶೆಯ ಮಾತುಗಳಲ್ಲವೆಂಬ ಎಣಿಕೆ ನಮ್ಮಲ್ಲಿ ಬಹುಕಾಲದಿಂದ ಬೇರೂರಿದೆ. ಆದರೆ ಒಬ್ಬ ತರುಣಿಯು ತನಗೆ ಮನ ಬಂದಂತೆ ಸಿಂಗರಿಸಿಕೊಂಡು ಬೀದಿಗೆ ಬಂದಾಗ ಅವಳನ್ನು ನೋಡುವ ಸಮಾಜದ ಕಣ್ಣನ್ನು ತಿದ್ದಿದವರೂ, ಒಮ್ಮೊಮ್ಮೆ ಕೆಡಿಸಿದವರೂ, ಕವಿಗಳು, ನಾಟಕಕಾರರು, ಚಿತ್ರಕಾರರೇ ಆಗಿರುವರು. ಹಾಗಿರುವಾಗ ಈ ಮಾತನ್ನು ಅಂಗಡಿಗೆ ಬಿಟ್ಟುಕೊಟ್ಟು ನಾವು ಸುಮ್ಮನಿರುವುದು ಸಲ್ಲದು.

ಈ ವಿಚಾರವನ್ನು ಈಗ ಎತ್ತಿಕೊಳ್ಳಲು ಒಂದು ಕಾರಣವುಂಟು. ಮಾಂಗಾ ಎಂದು ಕರೆಯುವ ಜಪಾನಿನ ಚಿತ್ರಕಥೆಗಳು ಇಂದು ಜಮಖಂಡಿ, ಮುಧೋಳಗಳ ವಿದ್ಯಾರ್ಥಿಗಳ ಕೈಯಲ್ಲಿರುವ ಫೋನಿಗೂ ಬಂದು ತಲುಪಿವೆ. ಅವುಗಳಲ್ಲಿ ಮತ್ತೆ ಮತ್ತೆ ಕಾಣಿಸಿಕೊಳ್ಳುವ ಒಂದು ಪಾತ್ರ 'ಗ್ಯಾರು'. ಬಣ್ಣ ಹಾಕಿದ ಕೂದಲು, ಉದ್ದವಾದ ಉಗುರು, ಗಿಡ್ಡಗೆ ಮಡಿಸಿದ ಶಾಲೆಯ ಲಂಗ, ಎತ್ತರದ ದನಿ, ಅಂಜಿಕೆಯಿಲ್ಲದ ನಗೆ. ಈ ಪಾತ್ರವನ್ನು ಕಂಡು ಹಿರಿಯರು ಹುಬ್ಬು ಗಂಟಿಕ್ಕುವರು, ಕಿರಿಯರು ಮರುಳಾಗುವರು. ಹುಬ್ಬು ಗಂಟಿಕ್ಕುವುದಕ್ಕೂ ಮರುಳಾಗುವುದಕ್ಕೂ ಮೊದಲು ಇವಳು ಯಾರು, ಎಲ್ಲಿಂದ ಬಂದಳು ಎಂಬುದನ್ನು ತಿಳಿದುಕೊಳ್ಳುವುದು ಒಳ್ಳೆಯದೆಂದು ನನಗೆ ತೋರುತ್ತದೆ. ತಿಳಿದುಕೊಂಡ ಮೇಲೆ, ಇವಳ ಅಕ್ಕತಂಗಿಯರು ನಮ್ಮ ಸೀಮೆಯಲ್ಲಿಯೂ ಇದ್ದರೆಂಬುದು ಹೊಳೆಯದೆ ಇರದು.

ಗ್ಯಾರು ಎಂಬುದು ಹುಡುಗಿ ಎಂಬ ಅರ್ಥದ 'ಗ್ಯಾಲ್' ಎಂಬ ಇಂಗ್ಲಿಷ್ ಮಾತು ಜಪಾನೀಯರ ನಾಲಗೆಯ ಮೇಲೆ ಪಡೆದ ರೂಪ. ಟೋಕಿಯೋ ನಗರದ ಶಿಬುಯಾ ಪೇಟೆಯಲ್ಲಿ 1979ರಲ್ಲಿ ತೆರೆದ '109' ಎಂಬ ಅಂಗಡಿಗಳ ಮಹಲು ಮುಂದೆ ಈ ಹುಡುಗಿಯರ ತವರಾಯಿತು. 1990ರ ದಶಕದಲ್ಲಿ ಪ್ರೌಢಶಾಲೆಯ ಬಾಲಕಿಯರು ಸಮವಸ್ತ್ರದ ಲಂಗವನ್ನು ಸೊಂಟದಲ್ಲಿ ಸುರುಳಿ ಸುತ್ತಿ ಗಿಡ್ಡ ಮಾಡಿಕೊಂಡರು. ಮೊಣಕಾಲಿನ ಕೆಳಗೆ ಸಡಿಲವಾಗಿ ಜೋತುಬಿದ್ದ ಬಿಳಿಯ ಕಾಲುಚೀಲಗಳನ್ನು, ಜಾರದಂತೆ ಅಂಟು ಹಚ್ಚಿ, ತೊಟ್ಟರು. ಕಪ್ಪು ಕೂದಲನ್ನು ಕಂದು ಮಾಡಿಕೊಂಡರು. ಅಮುರೋ ನಾಮಿಯೆ ಎಂಬ ಗಾಯಕಿಯ ವೇಷವನ್ನು 1995-96ರ ಸುಮಾರಿಗೆ ಸಾವಿರಾರು ಹುಡುಗಿಯರು ಅನುಕರಿಸಿದರು. 'ಎಗ್' ಎಂಬ ಪತ್ರಿಕೆ 1995ರಲ್ಲಿ ಹೊರಟು, ಬೀದಿಯ ಹುಡುಗಿಯರ ಭಾವಚಿತ್ರಗಳನ್ನೇ ಅಚ್ಚು ಹಾಕಿ ಪ್ರಸಿದ್ಧವಾಯಿತು. ಅದರ ಮುದ್ರಣ 2014ರಲ್ಲಿ ನಿಂತಿತು. 2018ರಲ್ಲಿ ಅದು ಅಂತರ್ಜಾಲದಲ್ಲಿ ಮತ್ತೆ ಕಣ್ಣು ತೆರೆಯಿತು.

ಆ ಹುಡುಗಿಯರಲ್ಲಿ ಕೆಲವರು ಇನ್ನೊಂದು ಹೆಜ್ಜೆ ಮುಂದೆ ಹೋದರು. ಬಿಳಿಯ ಚರ್ಮವೇ ಚೆಲುವೆಂದು ಶತಮಾನಗಳಿಂದ ನಂಬಿದ ನಾಡಿನಲ್ಲಿ ಅವರು ಮೈಯನ್ನು ಬೇಕೆಂದೇ ಕಂದಿಸಿ, ಕಪ್ಪಾಗಿ, ಕಣ್ಣಿನ ಸುತ್ತ ಬಿಳಿಯ ಬಣ್ಣ ಬಳಿದುಕೊಂಡರು. ನೋಡಿದವರು ಇವರಿಗೆ ಕೊಟ್ಟ ಹೆಸರು 'ಯಮಾಂಬಾ'. ಜಪಾನಿನ ಜನಪದ ಕಥೆಗಳಲ್ಲಿಯೂ ನೋಹ್ ನಾಟಕದಲ್ಲಿಯೂ ಬರುವ, ಕೂದಲು ಕೆದರಿಕೊಂಡ ಬೆಟ್ಟದ ರಾಕ್ಷಸಿಯ ಹೆಸರದು. ತನಗೆ ಒಗ್ಗದ ಅಲಂಕಾರವನ್ನು ಕಂಡಾಗ ಲೋಕವು ಹೆಣ್ಣನ್ನು ರಾಕ್ಷಸಿಯೆಂದು ಕರೆಯುವುದು ಹೊಸತಲ್ಲ. ನಮ್ಮ ಪುರಾಣ ಪ್ರಿಯರಿಗೆ ಇದನ್ನು ಬಿಡಿಸಿ ಹೇಳಬೇಕಾಗಿಲ್ಲ. ಆದರೆ ಆ ಹುಡುಗಿಯರು ಆ ಹೆಸರಿಗೆ ನಾಚಲಿಲ್ಲವೆಂಬುದು ಗಮನಾರ್ಹ. ಇನ್ನು ನಮ್ಮ ಕಡೆಗೆ ತಿರುಗಿ ನೋಡಿದರೆ, 'ಫೇರ್ ಅಂಡ್ ಲವ್ಲಿ' ಎಂಬ ಲೇಪನವು 1975ರಿಂದ ನಮ್ಮ ಅಂಗಡಿಗಳಲ್ಲಿ ಬಿಳುಪಿನ ಆಸೆಯನ್ನು ಮಾರಿ, 2020ರಲ್ಲಷ್ಟೇ ಹೆಸರಿನಿಂದ ಆ ಬಿಳುಪಿನ ಮಾತನ್ನು ಕಳಚಿ ಹಾಕಿತು. ಕಪ್ಪು ಮೈಯ ಹುಡುಗಿಗೆ ವರ ಸಿಗುವುದು ಕಷ್ಟವೆಂದು ನಿಟ್ಟುಸಿರಿಡುವ ನಾಡಿನವರು, ಕಪ್ಪನ್ನು ತಾವಾಗಿ ಬಯಸಿ ಹಚ್ಚಿಕೊಂಡ ಹುಡುಗಿಯರನ್ನು ಬರಿಯ ಹುಚ್ಚರೆಂದು ತಳ್ಳಿಬಿಡುವುದು ನ್ಯಾಯವಲ್ಲ.

ಇಂಥ ಹುಡುಗಿಯನ್ನು ಚಿತ್ರಕಥೆಗಾರರು ಹೇಗೆ ಕಂಡರು? 1990ರ ದಶಕದಲ್ಲಿ ಜಪಾನಿನ ಪತ್ರಿಕೆಗಳು ಗ್ಯಾರು ಹುಡುಗಿಯರೆಂದರೆ ಹಣಕ್ಕಾಗಿ ವಯಸ್ಕ ಗಂಡಸರ ಜೊತೆ ತಿರುಗುವವರೆಂಬ ಒಂದೇ ರಾಗವನ್ನು ಹಾಡುತ್ತಿದ್ದವು. ಆ ಕಾಲದಲ್ಲಿಯೇ ಫುಜೀ ಮಿಹೋನಾ ಎಂಬ ಲೇಖಕಿ ಬಾಲಕಿಯರ ಪತ್ರಿಕೆಯಾದ 'ರಿಬೊನ್'ನಲ್ಲಿ 'ಗ್ಯಾಲ್ಸ್' ಎಂಬ ಕಥೆಯನ್ನು ಬರೆದಳು. ಅದರ ನಾಯಕಿ ಕೊತೊಬುಕಿ ರಾನ್ ಶಿಬುಯಾ ಪೇಟೆಯ ಗ್ಯಾರು. ಹುಟ್ಟಿದ್ದು ಪೊಲೀಸರ ಮನೆಯಲ್ಲಿ. ಓದಿನಲ್ಲಿ ಹಿಂದೆ, ಬಾಯಿಯಲ್ಲಿ ಮುಂದೆ, ನ್ಯಾಯಕ್ಕೆ ನಿಂತಳೆಂದರೆ ಯಾರಿಗೂ ಜಗ್ಗದವಳು. ಹಣಕ್ಕಾಗಿ ದಾರಿ ತಪ್ಪುತ್ತಿದ್ದ ಸಹಪಾಠಿಯನ್ನು ತಡೆದು ನಿಲ್ಲಿಸುವವಳು ಪಾಠ ಹೇಳುವ ಗುರುವೂ ಅಲ್ಲ, ಹಿರಿಯರೂ ಅಲ್ಲ; ಪತ್ರಿಕೆಗಳು ಯಾರನ್ನು ಕೆಟ್ಟವಳೆನ್ನುತ್ತಿದ್ದವೋ ಆ ಹುಡುಗಿಯೇ.

ಅದಕ್ಕಿಂತ ಸ್ವಲ್ಪ ಮೊದಲು, 1997ರಲ್ಲಿ, ಉಎದಾ ಮಿವಾ ಎಂಬ ಲೇಖಕಿ 'ಪೀಚ್ ಗರ್ಲ್' ಎಂಬ ಕಥೆಯನ್ನು ಆರಂಭಿಸಿದ್ದಳು. ಇದರ ನಾಯಕಿ ಮೊಮೊ ಗ್ಯಾರುವೇ ಅಲ್ಲ. ಈಜುಗಾತಿಯಾದ ಅವಳ ಮೈ ಬಿಸಿಲಿಗೆ ಬೇಗ ಕಂದುವುದು, ಕೂದಲು ತಾನಾಗಿ ಬಣ್ಣಗೆಟ್ಟಿರುವುದು. ಅಷ್ಟರಿಂದಲೇ ಶಾಲೆಯವರೆಲ್ಲ ಅವಳನ್ನು ನಡತೆಗೆಟ್ಟವಳೆಂದು ತೀರ್ಮಾನಿಸುವರು. ಬಿಳಿಯ ಮೈಯ, ಮೆಲುಮಾತಿನ ಗೆಳತಿಯೊಬ್ಬಳು ಹಬ್ಬಿಸುವ ಸುಳ್ಳುಗಳನ್ನು ಎಲ್ಲರೂ ನಂಬುವರು, ಏಕೆಂದರೆ ಅವಳ ಮುಖ ಸಾಧ್ವಿಯ ಮುಖದಂತಿದೆ. ವೇಷವನ್ನು ಓದಿ ಗುಣವನ್ನು ಎಣಿಸುವ ನಮ್ಮ ಹಳೆಯ ಚಾಳಿಗೆ ಇದಕ್ಕಿಂತ ಸರಳವಾದ ದೃಷ್ಟಾಂತವನ್ನು ಕೊಡುವುದು ಕಷ್ಟ.

ಮೂರನೆಯದು ಫುಕುದಾ ಶಿನ್‌ಇಚಿ 2018ರಲ್ಲಿ ತೊಡಗಿ 2025ರಲ್ಲಿ ಮುಗಿಸಿದ ಕಥೆ. ಇಂಗ್ಲಿಷಿನಲ್ಲಿ 'ಮೈ ಡ್ರೆಸ್-ಅಪ್ ಡಾರ್ಲಿಂಗ್' ಎಂದು ಹೆಸರು. ಬೊಂಬೆ ಮಾಡುವ ಅಜ್ಜನ ಮನೆಯಲ್ಲಿ ಬೆಳೆದ ಸಂಕೋಚದ ಹುಡುಗ ಗೊಜೋ. ಹೊಲಿಗೆಯಲ್ಲಿ ನಿಪುಣ, ಆದರೆ ಗಂಡುಹುಡುಗನಿಗೆ ಬೊಂಬೆಯ ಹುಚ್ಚೇಕೆಂದು ಜನ ನಕ್ಕಾರೆಂಬ ಭಯದಿಂದ ತನ್ನ ಕಸುಬನ್ನು ಬಚ್ಚಿಟ್ಟುಕೊಂಡವನು. ತರಗತಿಯ ಗ್ಯಾರು ಕಿತಗಾವಾ ಮಾರಿನ್ ಅವನ ಹೊಲಿಗೆಯನ್ನು ಕಂಡು ನಗುವುದಿಲ್ಲ. ತನಗೊಂದು ವೇಷವನ್ನು ಹೊಲಿದುಕೊಡೆಂದು ಬೇಡುವಳು. ಉಡುವವಳೂ ಹೊಲಿಯುವವನೂ ಇಲ್ಲಿ ಒಬ್ಬರನ್ನೊಬ್ಬರು ಗೌರವಿಸುವರು. ನೇಕಾರರ ಊರಾದ ರಬಕವಿ-ಬನಹಟ್ಟಿಯ ವಾಚಕರಿಗೆ ಈ ಕಥೆಯ ಮರ್ಮವನ್ನು ನಾನು ವಿವರಿಸಬೇಕಾಗಿಲ್ಲ.

ಹಾಗೆಂದು ಈ ಚಿತ್ರಕಥೆಗಳೆಲ್ಲ ನಿರ್ದುಷ್ಟವಾದುವೆಂದು ನಾನು ಹೇಳಲಾರೆ. ಗ್ಯಾರು ಎಂಬ ಸ್ವಾತಂತ್ರ್ಯವನ್ನು ಅಂಗಡಿಯವರು ಬಲುಬೇಗ ಬೆಲೆ ಕಟ್ಟಿ ಮಾರಿದರು. ಇತ್ತೀಚಿನ ಎಷ್ಟೋ ಕಥೆಗಳಲ್ಲಿ ಅವಳು ಹೊರಗೆ ಬೆಡಗಿ, ಒಳಗೆ ಬಂಗಾರ. ಆದರೆ ಆ ಬಂಗಾರವೆಲ್ಲ ಸಂಕೋಚದ ಹುಡುಗನೊಬ್ಬನ ಬಾಳನ್ನು ಬೆಳಗುವುದಕ್ಕೆಂದೇ ಮೀಸಲು. ಅವಳಿಗೆ ಅವಳದೇ ಆದ ದುಃಖವಿಲ್ಲ, ಗುರಿಯಿಲ್ಲ. ಹಿಂದೆ ಅವಳನ್ನು ಬೈದು ಬೊಂಬೆ ಮಾಡಿದರು. ಈಗ ಹೊಗಳಿ ಬೊಂಬೆ ಮಾಡುತ್ತಿರುವರು. ಬೈಗಳಿಗಿಂತ ಹೊಗಳಿಕೆ ಮೇಲೆಂಬುದು ನಿಜವಾದರೂ ಮನುಷ್ಯಳಾಗಿ ಕಾಣಿಸಿಕೊಳ್ಳುವ ಹಕ್ಕನ್ನು ಎರಡೂ ಕಸಿದುಕೊಳ್ಳುತ್ತವೆ.

ಇನ್ನು ನಮ್ಮ ಸೀಮೆಗೆ ಬರೋಣ. ಮರಾಠಿ ರಂಗಭೂಮಿಯ ಬಾಲಗಂಧರ್ವರ (1888-1967) ಹೆಸರನ್ನು ಕೇಳದವರು ಈ ಭಾಗದಲ್ಲಿ ವಿರಳ. ಜಮಖಂಡಿಯಲ್ಲಿ ಪಟವರ್ಧನರು, ಮುಧೋಳದಲ್ಲಿ ಘೋರ್ಪಡೆಯವರು ಆಳುತ್ತಿದ್ದು, 1948ರಲ್ಲಿ ಆ ಸಂಸ್ಥಾನಗಳು ಮುಂಬಯಿ ಪ್ರಾಂತದಲ್ಲಿ ವಿಲೀನವಾಗುವವರೆಗೆ ಇಲ್ಲಿ ಕನ್ನಡದ ಜೊತೆಗೆ ಮರಾಠಿಯ ಗಾಳಿಯೂ ಬೀಸುತ್ತಿದ್ದಿತು. ಬಾಲಗಂಧರ್ವರು ಪುರುಷರು, ಆಡಿದ್ದು ಬಹುಮಟ್ಟಿಗೆ ಸ್ತ್ರೀಪಾತ್ರಗಳನ್ನು. ಅವರು ರಂಗದ ಮೇಲೆ ಸೀರೆ ಉಟ್ಟ ಬಗೆ, ತುರುಬು ಕಟ್ಟಿದ ಬಗೆ, ಹೂ ಮುಡಿದ ಬಗೆಗಳನ್ನು ಮಹಾರಾಷ್ಟ್ರದ ಕುಲೀನ ಮನೆತನಗಳ ಸ್ತ್ರೀಯರು ನೋಡಿ ಬಂದು ಮನೆಯಲ್ಲಿ ಅನುಕರಿಸಿದರು. ಅಮುರೋ ನಾಮಿಯೆಯ ವೇಷವನ್ನು ಟೋಕಿಯೋದ ಹುಡುಗಿಯರು ಅನುಕರಿಸಿದುದಕ್ಕೂ ಇದಕ್ಕೂ ಏನು ಭೇದ? ಇಷ್ಟೇ: ಪುಣೆ, ಮುಂಬಯಿಗಳ ಸ್ತ್ರೀಯರು ಅನುಕರಿಸಿದ್ದು ಒಬ್ಬ ಗಂಡಸನ್ನು. ಅದನ್ನು ಯಾರೂ ಅಪಚಾರವೆಂದು ಬಗೆಯಲಿಲ್ಲ. ಅಭಿರುಚಿಯ ಗುರುತೆಂದೇ ಕೊಂಡಾಡಿದರು.

ಇದೇ ಕಾಲದಲ್ಲಿ ಬೀಳಗಿಯಲ್ಲಿ ಹುಟ್ಟಿದ ಗೋಹರಬಾಯಿ ಕರ್ನಾಟಕಿಯವರು ಬಾಲಗಂಧರ್ವರ ಹಾಡುಗಾರಿಕೆಯನ್ನು ಕೇಳಿ ಕೇಳಿ ಅದನ್ನು ತಮ್ಮ ಕಂಠದಲ್ಲಿ ಅಚ್ಚಳಿಯದಂತೆ ಇಳಿಸಿಕೊಂಡರು. 1930ರ ದಶಕದ ಕೊನೆಯಲ್ಲಿ ಅವರು ಗಂಧರ್ವ ನಾಟಕ ಮಂಡಳಿಯನ್ನು ಸೇರಿ, ಮುಪ್ಪಡರುತ್ತಿದ್ದ ಆ ಮಹಾನಟರು ಬಿಟ್ಟುಕೊಟ್ಟ ಸ್ತ್ರೀಪಾತ್ರಗಳನ್ನು ವಹಿಸಿದರು. ಮುಂದೆ ಅವರ ಪತ್ನಿಯೂ ಆದರು. ಹೆಣ್ಣಿನ ಹಾವಭಾವವನ್ನು ಹೆಣ್ಣೊಬ್ಬಳು ಗಂಡಸಿನಿಂದ ಕಲಿತು ರಂಗಕ್ಕೆ ತಂದ ಈ ಪ್ರಸಂಗ ಎಷ್ಟು ವಿಚಿತ್ರವೋ, ಅದಕ್ಕೆ ಬಂದ ಪ್ರತಿಕ್ರಿಯೆ ಅಷ್ಟೇ ಕಹಿಯಾದುದು. ಅದೇ ಸೀರೆ, ಅದೇ ತುರುಬು, ಅದೇ ರಾಗ. ಆದರೆ ಈಗ ಅವುಗಳೊಳಗೆ ಇದ್ದುದು ನಿಜವಾದ ಹೆಣ್ಣು, ಅದೂ ಬೀಳಗಿಯ ಮುಸಲ್ಮಾನ ಹೆಣ್ಣು. ಬಾಲಗಂಧರ್ವರ ಅಭಿಮಾನಿಗಳಲ್ಲಿ ಅನೇಕರು ಅವರ ಬಾಳಿನ ಇಳಿಗತಿಗೆಲ್ಲ ಈಕೆಯೇ ಕಾರಣಳೆಂದು ಬರೆದರು, ಆಡಿದರು. ಕಂಪನಿಯ ಸಾಲ, ಬೋಲಪಟದ ಪೈಪೋಟಿ, ನಟರ ವಯಸ್ಸು ಇವೆಲ್ಲ ಮರೆಯಾಗಿ ಒಬ್ಬ ಸ್ತ್ರೀಯ ಮುಖವೇ ಮುಂದೆ ನಿಂತಿತು. ಗಂಡಸು ತೊಟ್ಟಾಗ ಕಲೆಯಾದುದು ಹೆಂಗಸು ತೊಟ್ಟಾಗ ಮಾಟವಾಯಿತು.

ಆಕೆಯ ಸೋದರಿ ಅಮೀರಬಾಯಿ ಕರ್ನಾಟಕಿಯವರ ಬಾಳು ಇನ್ನೊಂದು ದಿಕ್ಕಿಗೆ ಹರಿಯಿತು. 1943ರ 'ಕಿಸ್ಮತ್' ಚಿತ್ರದ ಹಾಡುಗಳಿಂದ ಹಿಂದುಸ್ಥಾನವೆಲ್ಲ ಅವರ ದನಿಯನ್ನು ಅರಿಯಿತು. ವಿಜಯಪುರದಲ್ಲಿ ಅವರ ಹೆಸರಿನ ಚಿತ್ರಮಂದಿರವೊಂದು ತಲೆಯೆತ್ತಿತು. 1965ರಲ್ಲಿ ಅವರು ತೀರಿಕೊಂಡರು. ಆ ಬಳಿಕ ಬಹುಕಾಲ ಕನ್ನಡದ ಓದುಗರಿಗೆ ಅವರು ಬರಿಯ ಹೆಸರಾಗಿದ್ದರು. ರಹಮತ್ ತರೀಕೆರೆಯವರು ಅವರ ಜೀವನಚರಿತ್ರೆಯನ್ನು ಕನ್ನಡದಲ್ಲಿ ಬರೆದುದು ಒಂದು ಋಣವನ್ನು ತೀರಿಸಿದಂತೆ. ಬಣ್ಣ ಹಚ್ಚಿದ ಹೆಣ್ಣಿನ ಕುರಿತು ಕಟ್ಟುಕಥೆಗಳು ಹೇರಳವಾಗಿ ಸಿಗುವ ನಾಡಿನಲ್ಲಿ ದಾಖಲೆಗಳನ್ನು ಹುಡುಕಿ ಆಕೆಯ ಶ್ರಮವನ್ನು ಬರೆಯುವುದು ದೊಡ್ಡ ಕೆಲಸವೇ ಸರಿ.

ಹಾಗಾದರೆ ನಮ್ಮ ಪರಂಪರೆಯಲ್ಲಿ ಅಲಂಕಾರವತಿಗೆ ನ್ಯಾಯ ದೊರೆತೇ ಇಲ್ಲವೇ? ದೊರೆತಿದೆ, ಅದು ನಮ್ಮ ಮನೆಯ ಅಂಗಳದಲ್ಲಿಯೇ ದೊರೆತಿದೆ. ಕುಲಗೋಡ ತಮ್ಮಣ್ಣನ ಕೈಯಲ್ಲಿ ಬೆಳೆದು ಈ ಭಾಗದ ಹಳ್ಳಿ ಹಳ್ಳಿಗಳಲ್ಲಿ ಬೆಳಗಿನವರೆಗೆ ನಡೆಯುವ ಶ್ರೀಕೃಷ್ಣ ಪಾರಿಜಾತದ ಸತ್ಯಭಾಮೆಯನ್ನು ನೆನೆಯಿರಿ. ತನ್ನ ಚೆಲುವಿನ ಗರ್ವ, ಒಡವೆಯ ಬಿಂಕ, ಸವತಿಯ ಮೇಲಿನ ಮತ್ಸರ ಯಾವುದನ್ನೂ ಅವಳು ಮುಚ್ಚಿಡಳು. ನಾರದನು ತಂದ ಹೂ ರುಕ್ಮಿಣಿಗೆ ಸಂದಿತೆಂದು ಅವಳು ಮುನಿದಾಗ ಮಂದಿ ನಗುವರು. ಆದರೆ ಆಟದ ಮುಖ್ಯವಾದ ಹಾಡುಗಳು ಯಾರ ಪಾಲಿಗೆ ಬಂದಿವೆ? ಸಾಧ್ವಿಯಾದ ರುಕ್ಮಿಣಿಯ ಪಾಲಿಗಲ್ಲ, ಭಾಮೆಯ ಪಾಲಿಗೆ. ಮಂದಿ ಎದ್ದು ಹೋಗದೆ ಕುಳಿತಿರುವುದು ಅವಳ ಮಾತಿಗಾಗಿ. ನಗೆಗೆ ಗುರಿ ಮಾಡಿದ ಕವಿಯೇ ಅವಳಿಗೆ ಉತ್ತರ ಕೊಡುವ ಬಾಯನ್ನೂ ಕೊಟ್ಟನು. ಕೌಜಲಗಿ ನಿಂಗಮ್ಮನಂಥ ಧೀರೆ ಸ್ವಂತ ಮೇಳ ಕಟ್ಟಿ ಆ ಭಾಮೆಯಾಗಿ ನಿಂತಾಗ, ಹೆಣ್ಣಿನ ಮಾತು ಹೆಣ್ಣಿನ ಬಾಯಿಗೇ ಬಂದಿತು.

ಇನ್ನೂ ಹಿಂದಕ್ಕೆ ಹೋದರೆ ಮುಧೋಳದಲ್ಲಿ 949ರಲ್ಲಿ ಹುಟ್ಟಿದ ರನ್ನನನ್ನು ಕಾಣುತ್ತೇವೆ. ಕವಿಚಕ್ರವರ್ತಿಯೆನಿಸಿದ ಈತ ಬಳೆಗಾರರ ಕುಲದವನು. ಹೆಣ್ಣುಮಕ್ಕಳ ಕೈಯ ಸಿಂಗಾರವೇ ಅವನ ಮನೆಯ ಅನ್ನ. ಅವನ ಗದಾಯುದ್ಧದಲ್ಲಿ ದ್ರೌಪದಿಯ ಬಿಚ್ಚಿದ ಮುಡಿಯು ಒಂದು ಪಾತ್ರದಂತೆಯೇ ನಡೆದುಕೊಳ್ಳುತ್ತದೆ. ಸಭೆಯಲ್ಲಿ ಆದ ಅವಮಾನವನ್ನು ಗಂಡಂದಿರು ಮರೆತರೂ ಆ ಕೂದಲು ಮರೆಯದು. ಸಂಧಿಯ ಮಾತು ಬಂದಾಗಲೆಲ್ಲ ಅದು ಭೀಮನ ಕಣ್ಣ ಮುಂದೆ ನಿಲ್ಲುವುದು. ಕೂದಲನ್ನು ಕಟ್ಟುವುದೂ ಕಟ್ಟದಿರುವುದೂ ಹೆಣ್ಣಿನ ಒಂದು ಮಾತೆಂಬುದನ್ನು ಸಾವಿರ ವರ್ಷಗಳ ಹಿಂದೆ ಬಳೆಗಾರರ ಮಗನು ಅರಿತಿದ್ದನು. ಟೋಕಿಯೋದ ಬಾಲಕಿಯ ಬಣ್ಣದ ಕೂದಲು ದ್ರೌಪದಿಯ ಮುಡಿಗೆ ಸಮವೆಂದು ನಾನು ಹೇಳುತ್ತಿಲ್ಲ. ಎರಡನ್ನೂ ಮೊದಲು ಮಾತೆಂದು ಕೇಳಬೇಕು, ಆಮೇಲೆ ಅದರ ತೂಕವನ್ನು ಅಳೆಯಬೇಕು ಎಂಬುದಿಷ್ಟೇ ನನ್ನ ವಾದ.

ಇಲ್ಲಿ ಒಂದು ಗಂಭೀರವಾದ ಆಕ್ಷೇಪವನ್ನು ಎದುರಿಸಬೇಕಾಗಿದೆ. ನಮ್ಮ ಹುಡುಗಿಯರು ಸೀರೆ ಕುಪ್ಪಸಗಳನ್ನು ಬಿಟ್ಟು ಬೇರೆ ಉಡುಗೆಗೆ ಮನಸೋತರೆ ರಬಕವಿ-ಬನಹಟ್ಟಿಯ ಮಗ್ಗದ ಗತಿಯೇನು, ಇಳಕಲ್ಲಿನ ತೋಪಿನ ತೆನೆಯ ಸೆರಗಿನ ಗತಿಯೇನು, ಗುಳೇದಗುಡ್ಡದ ಖಣದ ಗತಿಯೇನು ಎಂದು ಕೇಳುವವರುಂಟು. ಈ ಕೇಳಿಕೆ ಹಸಿವಿನಿಂದ ಹುಟ್ಟಿದುದಾದ ಕಾರಣ ಇದನ್ನು ಹಗುರವಾಗಿ ತಳ್ಳಲಾಗದು. ಆದರೂ ಇದರ ಉತ್ತರವನ್ನು ಹುಡುಗಿಯ ಮೈಮೇಲೆ ಹುಡುಕುವುದು ಸರಿಯಲ್ಲ. ಕೆಲವು ಬಗೆಯ ಬಟ್ಟೆಗಳನ್ನು ಕೈಮಗ್ಗಕ್ಕೆಂದೇ ಮೀಸಲಿಟ್ಟ ಕಾಯಿದೆ 1985ರಷ್ಟು ಹಿಂದೆಯೇ ಬಂದಿದ್ದರೂ ವಿದ್ಯುತ್ ಮಗ್ಗಗಳು ಅದೇ ಬಟ್ಟೆಯನ್ನು ಅಗ್ಗವಾಗಿ ನೆಯ್ದು ಪೇಟೆ ತುಂಬಿದುವು. ನೂಲಿನ ಬೆಲೆ ಏರಿದಾಗ ನೇಕಾರನ ಕೂಲಿ ಏರಲಿಲ್ಲ. ಇವು ಆಡಳಿತದ, ವ್ಯಾಪಾರದ ಪ್ರಶ್ನೆಗಳು. ಇವುಗಳಿಗೆ ಜವಾಬು ಕೊಡಬೇಕಾದವರು ಕಾಲೇಜಿನ ಹುಡುಗಿಯ ಕಡೆಗೆ ಬೊಟ್ಟು ಮಾಡಿ ಜಾರಿಕೊಳ್ಳಬಾರದು.

ಮೇಲಾಗಿ, ನೇಕಾರನು ಎಂದೂ ಹೊಸತನದ ವೈರಿಯಾಗಿರಲಿಲ್ಲ. ಇಳಕಲ್ ಸೀರೆಯ ಸೆರಗಿಗೆ ರೇಷ್ಮೆಯ ಬದಲು ಕೃತಕ ರೇಷ್ಮೆ ಬಂದಾಗ ಅದನ್ನೂ ಕೊಂಡಿ ಹಾಕಿ ಒಡಲಿಗೆ ಜೋಡಿಸಿದವನು ಅವನೇ. ಇಂದು ಅದೇ ಖಣದ ಬಟ್ಟೆಯನ್ನು ಹುಡುಗಿಯರು ಲಂಗಕ್ಕೆ, ಚೀಲಕ್ಕೆ, ಅಂಗಿಗೆ ಹೊಲಿಸಿಕೊಳ್ಳುತ್ತಿರುವರು. ಅದನ್ನು ಕಂಡು ಮಡಿವಂತರು ಮೂಗು ಮುರಿದರೂ ನೇಕಾರನು ಮುರಿಯುವುದಿಲ್ಲ. ಕಂಡಿಕೆ ಸುತ್ತುವ ಕೈಗೆ ಚೆನ್ನಾಗಿ ತಿಳಿದಿದೆ: ಬಟ್ಟೆಗೆ ಬಾಳಿಕೆ ಉಂಟು, ಬಣ್ಣ ಉಂಟು, ಬೆಲೆ ಉಂಟು, ಶೀಲವೆಂಬುದು ಬಟ್ಟೆಯ ಗುಣವಲ್ಲ. ಮನೆಯಲ್ಲಿ ಕಂಡಿಕೆ ಸುತ್ತಿ, ಬಳಿಕ ಕಾಲೇಜಿಗೆ ಹೋಗುವ ಹುಡುಗಿಯು ತನಗೆ ಮೆಚ್ಚಾದ ಬಣ್ಣದ ಅಂಗಿಯೊಂದನ್ನು ತೊಟ್ಟರೆ, ಅದರ ಹಿಂದಿರುವ ದುಡಿಮೆಯನ್ನು ಕಾಣದವರಿಗೆ ಅವಳ ಕುರಿತು ತೀರ್ಪು ಕೊಡುವ ಹಕ್ಕಿಲ್ಲ.

ಈ ದುಡಿಮೆ, ಈ ಆಸೆ, ಈ ಬಿಂಕ ನಮ್ಮ ಇಂದಿನ ಬರವಣಿಗೆಯಲ್ಲಿ ಎಷ್ಟು ಕಾಣಿಸಿಕೊಂಡಿದೆ? ಜಾತ್ರೆಯ ನಾಟಕಗಳಲ್ಲಿ ಕಪ್ಪು ಕನ್ನಡಕ ಹಾಕಿದ 'ಫ್ಯಾಶನ್' ಹುಡುಗಿ ಬರುವುದು ಹಾಸ್ಯಗಾರನ ಎರಡರ್ಥದ ಮಾತಿಗೆ ಗುರಿಯಾಗಲು. ಕೊನೆಯ ಅಂಕದಲ್ಲಿ ಅವಳು ಸೀರೆ ಉಟ್ಟು, ತಲೆ ತಗ್ಗಿಸಿ, ಒಳ್ಳೆಯವಳಾಗುವಳು. ನಮ್ಮ ಚಲನಚಿತ್ರಗಳೂ ಈ ಸೂತ್ರವನ್ನು ಬಹುಕಾಲ ಬಿಡಲಿಲ್ಲ. ಸೀರೆಯನ್ನು ಶಿಕ್ಷೆಯಂತೆ ಉಡಿಸುವ ಈ ಕೊನೆಯ ಅಂಕದಿಂದ ಹುಡುಗಿಗೂ ಅವಮಾನ, ಸೀರೆಗೂ ಅವಮಾನ. ಸತ್ಯಭಾಮೆಗೆ ಬಾಯಿ ಕೊಟ್ಟ ಸೀಮೆಯ ರಂಗಭೂಮಿಗೆ ಇದು ಶೋಭಿಸದು.

ಆದುದರಿಂದ ಈ ಭಾಗದ ಅಧ್ಯಾಪಕರಲ್ಲಿಯೂ ತರುಣ ಲೇಖಕರಲ್ಲಿಯೂ ನನ್ನ ಬಿನ್ನಹವಿಷ್ಟು. ವಿದ್ಯಾರ್ಥಿಗಳು ಜಪಾನಿನ ಚಿತ್ರಕಥೆಗಳನ್ನು ಓದುವುದನ್ನು ಕಂಡು ಫೋನನ್ನು ಕಸಿದುಕೊಳ್ಳುವುದಕ್ಕಿಂತ, ಅವುಗಳ ಪಕ್ಕದಲ್ಲಿ ಪಾರಿಜಾತವನ್ನೂ ಗದಾಯುದ್ಧವನ್ನೂ ಇಟ್ಟು, ಯಾವ ಕವಿ ಹೆಣ್ಣಿನ ಅಲಂಕಾರವನ್ನು ಮಾತಾಗಿ ಕೇಳಿದನು, ಯಾರು ಬರಿಯ ಗುರುತಾಗಿ ಬಳಸಿದರು ಎಂದು ಅವರನ್ನೇ ಕೇಳಿರಿ. ಅಂಥ ಒಂದು ಗಂಟೆಯ ಚರ್ಚೆ ಹತ್ತು ಉಪದೇಶಗಳಿಗಿಂತ ಹೆಚ್ಚು ಕೆಲಸ ಮಾಡೀತು. ಹೆಣ್ಣುಮಕ್ಕಳಲ್ಲಿ ಬರೆಯಬಲ್ಲವರಿಗೆ ಇನ್ನೊಂದು ಮಾತು: 'ಗ್ಯಾಲ್ಸ್' ಕಥೆಯನ್ನೂ 'ಪೀಚ್ ಗರ್ಲ್' ಕಥೆಯನ್ನೂ ಬರೆದವರು ಸ್ತ್ರೀಯರೆಂಬುದನ್ನು ಮರೆಯದಿರಿ. ಬನಹಟ್ಟಿಯ ಮಗ್ಗದ ಮನೆಯಿಂದ ಹೊರಟು ಜಮಖಂಡಿಯ ಬಸ್ಸು ಹತ್ತುವ ಹುಡುಗಿಯ ಕಥೆ, ಅವಳ ಉಗುರಿನ ಬಣ್ಣ, ಅವಳ ಪರೀಕ್ಷೆ, ಅವಳ ಕೋಪ, ಅವಳ ಗೆಳತಿಯರ ನಗೆ ಇವೆಲ್ಲ ಕೂಡಿದ ಕಥೆ ನಮ್ಮ ಸಾಹಿತ್ಯಕ್ಕೆ ಇನ್ನೂ ಬೇಕಾಗಿದೆ. ಅದನ್ನು ಬರೆದು ಕಳಿಸುವವರಿಗೆ ಈ ಪುಟದಲ್ಲಿ ಸ್ಥಳವಿದೆ.